ತೆರೆಯ ಹಿಂದಿನ ಕನ್ನಡಿಗ: ಛಾಯಾಗ್ರಾಹಕ ಶ್ರೀ ವಿ.ಕೆ. ಮೂರ್ತಿ

ಪೋರೂರಿನ ಕೂಡುರಸ್ತೆಯಿಂದ ಪೂರ್ವಕ್ಕೆ ಹೊರಟ ಆರ್ಕಾಟ್ ರಸ್ತೆಯು ವಳಸರವಾಕ್ಕಂ, ವಿರುಗಂಬಾಕ್ಕಂ, ವಡಪಳನಿಗಳನ್ನು ಹಾದು ಕೋಡಂಬಾಕ್ಕಂ ಸೇರುತ್ತದೆ. ಇಂದು ಮೆಟ್ರೋ ರೈಲಿನ ಕಂಬಗಳು ಸಾಲುಗಟ್ಟಿ ನಿಂತಿರುವ ಈ ಹಾದಿಯು ಒಂದು ಕಾಲದಲ್ಲಿ ದಕ್ಷಿಣ ಭಾರತದ ಚಲನಚಿತ್ರಗಳ ರಾಜಬೀದಿಯಾಗಿತ್ತೆಂಬುದನ್ನು ಹಿರಿಯ ವಾಚಕರು ಬಲ್ಲರು. ಎ.ವಿ.ಎಂ., ವಿಜಯಾ-ವಾಹಿನಿ ಮೊದಲಾದ ಸ್ಟುಡಿಯೋಗಳು ಈ ಹಾದಿಯಲ್ಲಿಯೇ ಇದ್ದವು. ಕನ್ನಡ ನಾಡಿನಲ್ಲಿ ಸಾಕಷ್ಟು ಸ್ಟುಡಿಯೋಗಳಿಲ್ಲದ ಆ ದಿನಗಳಲ್ಲಿ ಕನ್ನಡ ಚಿತ್ರಗಳಲ್ಲಿ ಬಹುಪಾಲು ಇಲ್ಲಿಯೇ ತಯಾರಾಗಿ, ಡಬ್ಬಗಳಲ್ಲಿ ತುಂಬಿ ನಮ್ಮ ನಾಡಿಗೆ ರವಾನೆಯಾಗುತ್ತಿದ್ದವು. ಮಾಗಡಿಯಿಂದ ಬಂದ ಶ್ರೀ ಬಿ.ಎಸ್. ರಂಗಾ ಅವರು ಕ್ಯಾಮರಾ ಹಿಡಿದೇ ಈ ರಂಗದಲ್ಲಿ ಮೇಲೇರಿ, ಇದೇ ಮದರಾಸಿನಲ್ಲಿ ವಿಕ್ರಂ ಸ್ಟುಡಿಯೋವನ್ನು ಸ್ಥಾಪಿಸಿ, ಕನ್ನಡದ ಮೊದಲ ಪೂರ್ಣ ವರ್ಣಚಿತ್ರವಾದ 'ಅಮರಶಿಲ್ಪಿ ಜಕಣಾಚಾರಿ'ಯನ್ನು 1964ರಲ್ಲಿ ತೆರೆಗೆ ತಂದರು.

ರಂಗಾ ಅವರದು ಕೆಲಸಗಾರನು ಯಜಮಾನನಾದ ಕಥೆ. ಅಂತಹ ಕಥೆಗಳು ನಮ್ಮವರಿಗೆ ಹೊಸತಲ್ಲ. ಲೋಟ ತೊಳೆಯುವ ಕೆಲಸಕ್ಕೆ ಸೇರಿ ಕಡೆಗೆ ತನ್ನದೇ ಹೋಟೆಲಿನ ಬಾಗಿಲಿಗೆ ತೋರಣ ಕಟ್ಟಿದವರು ಈ ನಗರದಲ್ಲಿ ಹಲವರಿದ್ದಾರೆ. ಅವರ ಸಾಹಸವು ಪ್ರಶಂಸನೀಯವೇ ಸರಿ. ಆದರೆ ಹತ್ತಾರು ಮಂದಿ ದುಡಿಯುವ ಕಡೆ ಗಲ್ಲಾದ ಮೇಲೆ ಕೂರುವವನು ಒಬ್ಬನೇ ಆಗಿರುತ್ತಾನೆ. ನಮ್ಮ ವಾಚಕರಲ್ಲಿ ಹೆಚ್ಚಿನವರು ತಿಂಗಳ ಸಂಬಳಕ್ಕೆ ದುಡಿಯುವವರು. ಅಡುಗೆಯವರು, ಸಪ್ಲೈಯರುಗಳು, ಕ್ಲೀನರುಗಳು, ಲೆಕ್ಕ ಬರೆಯುವ ಗುಮಾಸ್ತರು. ಆದುದರಿಂದ ಇಂದು ನಾವು ಆರಿಸಿಕೊಂಡಿರುವುದು ಸ್ಟುಡಿಯೋ ಕಟ್ಟದೆ, ಯಜಮಾನನಾಗದೆ, ಕಡೆಯವರೆಗೂ ಕೆಲಸಗಾರನಾಗಿಯೇ ಉಳಿದು ದೇಶದ ಅತ್ಯುನ್ನತ ಚಿತ್ರ ಪ್ರಶಸ್ತಿಯನ್ನು ಪಡೆದ ಇನ್ನೊಬ್ಬ ಕನ್ನಡಿಗ ಛಾಯಾಗ್ರಾಹಕರ ಜೀವನವನ್ನು. ಅವರೇ ಮೈಸೂರಿನ ಶ್ರೀ ವಿ.ಕೆ. ಮೂರ್ತಿಯವರು.

ದುಡಿಯುವವರನ್ನು ಕಾಡುವ ಪ್ರಶ್ನೆಯೊಂದುಂಟು. ಗುಣವನ್ನರಿತು ದುಡಿಸಿಕೊಂಡ ಧಣಿಯು ಇಲ್ಲವಾದ ಮೇಲೆ, ಹೆಸರು ತಂದುಕೊಟ್ಟ ಸಂಸ್ಥೆಯ ಬಾಗಿಲು ಮುಚ್ಚಿದ ಮೇಲೆ, ದುಡಿದವನ ಗತಿಯೇನು? ಈ ಪ್ರಶ್ನೆಯು ಮೂರ್ತಿಯವರಿಗೆ ಅವರ ನಲವತ್ತೊಂದನೆಯ ವಯಸ್ಸಿನ ಸುಮಾರಿಗೆ ಎದುರಾಯಿತು. ಅದಕ್ಕೆ ಅವರು ಮಾತಿನಿಂದಲ್ಲ, ಮುಂದಿನ ಮೂವತ್ತು ವರ್ಷಗಳ ದುಡಿಮೆಯಿಂದ ಉತ್ತರ ಕೊಟ್ಟರು. ಆ ಉತ್ತರವನ್ನು ವಾಚಕರ ಮುಂದಿಡುವುದೇ ಈ ಲೇಖನದ ಉದ್ದೇಶ.

ಪಿಟೀಲು, ಸೆರೆಮನೆ, ಪಾಲಿಟೆಕ್ನಿಕ್ಕು

ಮೂರ್ತಿಯವರು ಜನಿಸಿದ್ದು 1923ನೆಯ ಇಸವಿ ನವೆಂಬರ್ 26ರಂದು, ಮೈಸೂರಿನಲ್ಲಿ. ಪೂರ್ಣ ಹೆಸರು ವೆಂಕಟರಾಮ ಪಂಡಿತ ಕೃಷ್ಣಮೂರ್ತಿ. ಬಾಲ್ಯದಲ್ಲಿ ಪಿಟೀಲು ಅಭ್ಯಾಸ ಮಾಡಿದ್ದರು. ಕೈಯಲ್ಲಿ ಒಂದು ವಿದ್ಯೆಯಿದ್ದರೆ ಹಸಿವಿಗೆ ಅಂಜಬೇಕಾಗಿಲ್ಲವೆಂದು ಹಿರಿಯರು ಹೇಳುವುದುಂಟು. ಆದರೆ ಈ ಹುಡುಗನ ಮನಸ್ಸು ಸಂಗೀತಕ್ಕಿಂತಲೂ ಸಿನಿಮಾದ ಕಡೆಗೆ ಹೆಚ್ಚಾಗಿ ಒಲಿದಿತ್ತು. ನಡುವೆ ದೇಶದ ಸ್ವಾತಂತ್ರ್ಯ ಚಳವಳಿಯ ಕರೆಯೂ ಕಿವಿಗೆ ಬಿತ್ತು. ಅದರಲ್ಲಿ ಭಾಗವಹಿಸಿ 1943ರಲ್ಲಿ ಸೆರೆಮನೆವಾಸವನ್ನೂ ಅನುಭವಿಸಿದರು.

ಅದೇ ಕಾಲದಲ್ಲಿ ಬೆಂಗಳೂರಿನಲ್ಲಿ ಮೈಸೂರು ಸಂಸ್ಥಾನದ ಆಶ್ರಯದಲ್ಲಿ ನಡೆಯುತ್ತಿದ್ದ ಶ್ರೀ ಜಯಚಾಮರಾಜೇಂದ್ರ ಪಾಲಿಟೆಕ್ನಿಕ್ಕಿನಲ್ಲಿ ಚಲನಚಿತ್ರ ಛಾಯಾಗ್ರಹಣವನ್ನು ಒಂದು ಪಾಠಕ್ರಮವಾಗಿ ಕಲಿಸಲಾರಂಭಿಸಿದ್ದರು. ಕ್ಯಾಮರಾ ವಿದ್ಯೆಯೆಂದರೆ ಯಾರೋ ಒಬ್ಬ ಉಸ್ತಾದರ ಕೈಕೆಳಗೆ ವರ್ಷಗಟ್ಟಲೆ ಪೆಟ್ಟಿಗೆ ಹೊತ್ತು, ಅವರು ಮನಸ್ಸು ಮಾಡಿ ಹೇಳಿಕೊಟ್ಟಷ್ಟನ್ನು ಕಲಿಯಬೇಕಾಗಿದ್ದ ದಿನಗಳವು. ಅಂತಹ ವಿದ್ಯೆಯನ್ನು ಶಾಲೆಯ ಬೆಂಚಿನ ಮೇಲೆ ಕುಳಿತು ಕಲಿಯಬಹುದಾದ ಅವಕಾಶವನ್ನು ಒಂದು ದೇಶೀ ಸಂಸ್ಥಾನವು ತನ್ನ ಹುಡುಗರಿಗೆ ಒದಗಿಸಿತೆಂಬುದು ಸಾಮಾನ್ಯ ಸಂಗತಿಯಲ್ಲ. ಮೂರ್ತಿಯವರು ಅಲ್ಲಿ ಅಭ್ಯಾಸ ಮಾಡಿ 1946ರಲ್ಲಿ ಡಿಪ್ಲೊಮಾ ಪಡೆದು ಮುಂಬಯಿಯ ರೈಲು ಹತ್ತಿದರು. ಈ ಪಾಲಿಟೆಕ್ನಿಕ್ಕಿನ ಹೆಸರನ್ನು ವಾಚಕರು ನೆನಪಿನಲ್ಲಿಡಬೇಕಾಗಿ ಕೋರುತ್ತೇವೆ. ಮುಂದೆ ಅದು ಮತ್ತೊಮ್ಮೆ ಬರಲಿದೆ.

ಒಂದು ಶಾಟಿನಿಂದ ತೆರೆದ ಬಾಗಿಲು

ಡಿಪ್ಲೊಮಾ ಇದ್ದ ಮಾತ್ರಕ್ಕೆ ಮುಂಬಯಿಯಲ್ಲಿ ಯಾರೂ ಕ್ಯಾಮರಾವನ್ನು ಕೈಗೆ ಕೊಡುವುದಿಲ್ಲ. ಅಡುಗೆಯ ಮನೆಗೆ ಹೊಸದಾಗಿ ಬಂದವನಿಗೆ ಮೊದಲ ದಿನವೇ ದೋಸೆಯ ಕಾವಲಿಯನ್ನು ಒಪ್ಪಿಸುವವರುಂಟೇ? ತರಕಾರಿ ಹೆಚ್ಚಿ, ತೆಂಗಿನಕಾಯಿ ತುರಿದು, ಹಿಟ್ಟಿನ ಹದವನ್ನು ಬೆರಳಿನಿಂದ ಅರಿತ ಮೇಲಲ್ಲವೇ ಕಾವಲಿಯ ಸರದಿ? ಮೂರ್ತಿಯವರೂ ಸಹಾಯಕರಾಗಿಯೇ ಸೇರಿದರು. ಆ ಕಾಲದ ನುರಿತ ಛಾಯಾಗ್ರಾಹಕರಾದ ಫಾಲಿ ಮಿಸ್ತ್ರಿಯವರ ಕೈಕೆಳಗೆ ಕೆಲಸ ಮಾಡಿದರು.

1951ರಲ್ಲಿ 'ಬಾಜಿ' ಎಂಬ ಹಿಂದಿ ಚಿತ್ರ ತಯಾರಾಗುತ್ತಿತ್ತು. ನಾಯಕ ದೇವ ಆನಂದ್. ನಿರ್ದೇಶಕ ಗುರುದತ್ತರಿಗೆ ಅದು ಮೊದಲ ಚಿತ್ರ. ವಿ. ರಾತ್ರಾ ಎಂಬವರು ಮುಖ್ಯ ಛಾಯಾಗ್ರಾಹಕರು. ಮೂರ್ತಿಯವರು ಸಹಾಯಕರು. ಒಂದು ಹಾಡಿನ ಚಿತ್ರೀಕರಣದಲ್ಲಿ, ಕನ್ನಡಿಯನ್ನೂ ಒಳಗೊಂಡು ಕ್ಯಾಮರಾ ಚಲಿಸುತ್ತಲೇ ಸಾಗಬೇಕಾದ ಕಠಿಣವಾದ ಶಾಟೊಂದನ್ನು ಮೂರ್ತಿಯವರು ಸೂಚಿಸಿದರು. ಮುಖ್ಯ ಛಾಯಾಗ್ರಾಹಕರು ಅಸೂಯೆಪಡದೆ, ಆ ಶಾಟನ್ನು ನೀನೇ ತೆಗೆ ಎಂದು ಕ್ಯಾಮರಾವನ್ನು ಸಹಾಯಕನ ಕೈಗೆ ಬಿಟ್ಟುಕೊಟ್ಟರು. ಅದನ್ನು ಕಂಡ ಗುರುದತ್ತರು ತಮ್ಮ ಮುಂದಿನ ಚಿತ್ರಕ್ಕೆ ಮೂರ್ತಿಯವರನ್ನೇ ಛಾಯಾಗ್ರಾಹಕರನ್ನಾಗಿ ಆರಿಸಿಕೊಂಡರು. 1952ರ 'ಜಾಲ್' ಚಿತ್ರವು ಮೂರ್ತಿಯವರ ಸ್ವತಂತ್ರ ವೃತ್ತಿಯ ಆರಂಭ.

ಇಲ್ಲಿ ಮೆಚ್ಚಬೇಕಾದವರು ಮೂವರು. ಸಂಕೋಚಪಡದೆ ಸೂಚಿಸಿದ ಸಹಾಯಕ, ಸ್ಥಾನಕ್ಕೆ ಚ್ಯುತಿ ಬಂದೀತೆಂದು ಹೆದರದೆ ಅವಕಾಶ ಕೊಟ್ಟ ಮೇಲಿನವರು, ಕಂಡ ಗುಣವನ್ನು ಮರೆಯದ ಯಜಮಾನ. ಈ ಮೂವರಲ್ಲಿ ಒಬ್ಬರು ಹಿಂದೆಗೆದಿದ್ದರೂ ನಾವು ಇಂದು ಬರೆಯುವ ಸಂಗತಿಗಳು ನಡೆಯುತ್ತಿರಲಿಲ್ಲ.

ಗುರುದತ್ತರ ಬಳಗದಲ್ಲಿ

ಗುರುದತ್ತರ ವಿಷಯವಾಗಿ ನಮ್ಮ ಕರಾವಳಿಯ ವಾಚಕರಿಗೆ ವಿಶೇಷ ಅಭಿಮಾನವಿರುವುದು ಸಹಜ. ಅವರ ಮನೆತನದ ಹೆಸರು ಪಡುಕೋಣೆ. ಕುಂದಾಪುರದ ಉತ್ತರಕ್ಕೆ, ಮರವಂತೆಯ ಆಸುಪಾಸಿನಲ್ಲಿ ಆ ಹೆಸರಿನ ಊರಿದೆ. ಗುರುದತ್ತರು ಹುಟ್ಟಿದ್ದು ಬೆಂಗಳೂರಿನಲ್ಲಿ, 1925ರ ಜುಲೈ 9ರಂದು. ಬೆಳೆದದ್ದು ಕಲ್ಕತ್ತೆಯಲ್ಲಿ. ಚಿತ್ರರಂಗಕ್ಕೆ ಬರುವ ಮುನ್ನ ಕಲ್ಕತ್ತೆಯ ಲೀವರ್ ಬ್ರದರ್ಸ್ ಕಾರ್ಖಾನೆಯಲ್ಲಿ ಸ್ವಲ್ಪ ಕಾಲ ಟೆಲಿಫೋನ್ ಆಪರೇಟರರಾಗಿದ್ದರೆಂಬ ಸಂಗತಿಯು ನಮ್ಮ ಗುಮಾಸ್ತ ಬಂಧುಗಳಿಗೆ ಕೊಂಚ ಧೈರ್ಯವನ್ನು ಕೊಡಬಹುದು.

'ಆರ್ ಪಾರ್' (1954), 'ಮಿಸ್ಟರ್ ಅಂಡ್ ಮಿಸೆಸ್ 55' (1955), ರಾಜ್ ಖೋಸ್ಲಾ ನಿರ್ದೇಶಿಸಿದ 'ಸಿ.ಐ.ಡಿ.' (1956), 'ಪ್ಯಾಸಾ' (1957), 'ಕಾಗಜ್ ಕೇ ಫೂಲ್' (1959), ಅಬ್ರಾರ್ ಅಲ್ವಿ ನಿರ್ದೇಶಿಸಿದ 'ಸಾಹಿಬ್ ಬೀಬಿ ಔರ್ ಗುಲಾಮ್' (1962). ಗುರುದತ್ತರ ಸಂಸ್ಥೆಯ ಈ ಚಿತ್ರಗಳೆಲ್ಲಕ್ಕೂ ಕ್ಯಾಮರಾ ಮೂರ್ತಿಯವರದು. ಕಪ್ಪು ಬಿಳುಪಿನ ಚಿತ್ರದಲ್ಲಿ ಛಾಯಾಗ್ರಾಹಕನ ಕೈಯಲ್ಲಿ ಬಣ್ಣಗಳಿರುವುದಿಲ್ಲ. ಬೆಳಕು ಎಲ್ಲಿ ಬೀಳಬೇಕು, ಎಲ್ಲಿ ಬೀಳಬಾರದು ಎಂಬುದಷ್ಟೇ ಅವನ ಕೈಯಲ್ಲಿರುವುದು. ದುಃಖ, ಆಸೆ, ಏಕಾಂತ, ಭಯ ಎಲ್ಲವನ್ನೂ ಅಷ್ಟರಿಂದಲೇ ತೋರಿಸಬೇಕು. 'ಪ್ಯಾಸಾ' ಚಿತ್ರದಲ್ಲಿ ಸತ್ತನೆಂದು ಜನ ನಂಬಿದ್ದ ಕವಿಯು ತನ್ನದೇ ಶ್ರದ್ಧಾಂಜಲಿ ಸಭೆಯ ಬಾಗಿಲಲ್ಲಿ ಬಂದು ನಿಲ್ಲುವ ದೃಶ್ಯವನ್ನು ನೋಡಿದವರು ಮರೆಯಲಾರರು. ಬೆನ್ನ ಹಿಂದಿನಿಂದ ಪ್ರಖರವಾದ ಬೆಳಕು. ಮುಖ ಕತ್ತಲೆಯಲ್ಲಿದೆ. ಎರಡು ಕೈಗಳನ್ನೂ ಚಾಚಿ ನಿಂತ ಆಕೃತಿ ಮಾತ್ರ ಕಾಣುತ್ತದೆ. ಮುಖವನ್ನು ತೋರಿಸದೆಯೇ ಆ ಮನುಷ್ಯನ ಸ್ಥಿತಿಯನ್ನು ತೋರಿಸಿದ್ದು ಬೆಳಕಿನ ಕೆಲಸ.

ಬಿಸಿಲುಕೋಲು

ಮೂರ್ತಿಯವರ ಹೆಸರನ್ನು ಶಾಶ್ವತಗೊಳಿಸಿದ ದೃಶ್ಯವು 'ಕಾಗಜ್ ಕೇ ಫೂಲ್' ಚಿತ್ರದ್ದು. ಇದು ಭಾರತದ ಮೊದಲ ಸಿನಿಮಾಸ್ಕೋಪ್ ಚಿತ್ರ. ಸಿನಿಮಾಸ್ಕೋಪಿನ ಮರ್ಮವಿಷ್ಟೆ. ಕ್ಯಾಮರಾದ ಮುಂದಿನ ವಿಶೇಷ ಮಸೂರವು ಅಗಲವಾದ ನೋಟವನ್ನು ಅಡ್ಡಕ್ಕೆ ಅರ್ಧದಷ್ಟು ಹಿಸುಕಿ ಮಾಮೂಲಿನ 35 ಮಿಲಿಮೀಟರ್ ಫಿಲ್ಮಿನ ಮೇಲೆ ಕೂರಿಸುತ್ತದೆ. ಚಿತ್ರಮಂದಿರದಲ್ಲಿ ಪ್ರೊಜೆಕ್ಟರಿನ ಮಸೂರವು ಅದನ್ನು ಮತ್ತೆ ಹಿಗ್ಗಿಸಿ ಅಗಲವಾದ ತೆರೆಯ ಮೇಲೆ ಚೆಲ್ಲುತ್ತದೆ. ತೆರೆಯ ಅಗಲವು ಎತ್ತರದ ಎರಡೂಕಾಲು ಪಟ್ಟಿಗೂ ಮಿಗಿಲಾಗುತ್ತದೆ. ಅಷ್ಟು ಅಗಲವಾದ ಜಾಗವನ್ನು ತುಂಬುವುದು ಛಾಯಾಗ್ರಾಹಕನಿಗೆ ಹೊಸ ಕಷ್ಟ.

ಕಥೆಯಲ್ಲಿ ಒಬ್ಬ ಚಿತ್ರ ನಿರ್ದೇಶಕನೂ ಒಬ್ಬ ನಟಿಯೂ ಬರಿದಾದ ಸ್ಟುಡಿಯೋದಲ್ಲಿ ಎದುರುಬದುರು ನಿಲ್ಲುತ್ತಾರೆ. ಪಾತ್ರಧಾರಿಗಳು ಗುರುದತ್ತ್ ಮತ್ತು ವಹೀದಾ ರೆಹಮಾನ್. ಅವರು ಮಾತನಾಡುವುದಿಲ್ಲ. ಹಿನ್ನೆಲೆಯಲ್ಲಿ ಗೀತಾ ದತ್ತ್ ಅವರ ಕಂಠದಲ್ಲಿ ಹಾಡು ಸಾಗುತ್ತದೆ. ಅವರಿಬ್ಬರ ನಡುವೆ ಮೇಲಿನಿಂದ ದೊಡ್ಡದೊಂದು ಬೆಳಕಿನ ಕಂಬವು ಓರೆಯಾಗಿ ನೆಲಕ್ಕಿಳಿದಿದೆ. ಸ್ಟುಡಿಯೋದ ದೀಪಗಳಿಂದ ಇಂತಹ ಬೆಳಕನ್ನು ತರುವುದು ಕಷ್ಟ. ದೀಪದ ಕಿರಣವು ದೂರ ಹೋದಂತೆಲ್ಲ ಹರಡಿಕೊಳ್ಳುತ್ತದೆ. ಸೂರ್ಯನ ಕಿರಣಗಳಾದರೋ ಬಹು ದೂರದಿಂದ ಬರುವ ಕಾರಣ ಹೆಚ್ಚು ಕಡಿಮೆ ಸಮಾನಾಂತರವಾಗಿರುತ್ತವೆ. ಗುರುದತ್ತರು ಬಯಸಿದ್ದು ಅಂತಹ ಬಿಸಿಲನ್ನು. ಮೂರ್ತಿಯವರು ಸೂರ್ಯನನ್ನೇ ಒಳಗೆ ಕರೆತಂದರು. ಹೊರಗೆ ಬಿಸಿಲಿನಲ್ಲಿ ದೊಡ್ಡದೊಂದು ಕನ್ನಡಿಯನ್ನು ನಿಲ್ಲಿಸಿ, ಅದರಿಂದ ಪ್ರತಿಫಲಿಸಿದ ಬೆಳಕು ಸ್ಟುಡಿಯೋದ ಒಳಗೆ ಮೇಲ್ಗಡೆ ಇರಿಸಿದ ಇನ್ನೊಂದು ಕನ್ನಡಿಯ ಮೇಲೆ ಬಿದ್ದು, ಅಲ್ಲಿಂದ ನೆಲಕ್ಕೆ ಇಳಿಯುವಂತೆ ಮಾಡಿದರು. ಬೆಳಕಿನ ದಾರಿಯು ಕಣ್ಣಿಗೆ ಕಾಣಲೆಂದು ಒಳಗೆ ಹೊಗೆ ಎಬ್ಬಿಸಿದರು.

ಇದರ ತತ್ತ್ವವನ್ನು ತಿಳಿಯಲು ನಮ್ಮವರು ಪುಸ್ತಕ ಓದಬೇಕಾಗಿಲ್ಲ. ಊರಿನ ಮನೆಯ ಹಂಚಿನ ಸಂದಿನಿಂದ ಮುಂಜಾನೆಯ ಬಿಸಿಲು ಅಡುಗೆಮನೆಗೆ ಇಳಿಯುವುದನ್ನು ನಾವೆಲ್ಲರೂ ಕಂಡವರೇ. ಒಲೆಯ ಹೊಗೆಯಿದ್ದಾಗ ಮಾತ್ರ ಅದು ಕೋಲಿನಂತೆ ಕಾಣುತ್ತದೆ. ಹೊಗೆಯ ಕಣಗಳು ಬೆಳಕನ್ನು ಚದರಿಸಿ ನಮ್ಮ ಕಣ್ಣಿಗೆ ಮುಟ್ಟಿಸುತ್ತವೆ. ಹೊಗೆಯಿಲ್ಲದಿದ್ದರೆ ನೆಲದ ಮೇಲೆ ಒಂದು ಬಿಸಿಲಿನ ಬಿಲ್ಲೆ ಮಾತ್ರ. ಕನ್ನಡದಲ್ಲಿ ಇದಕ್ಕೆ ಬಿಸಿಲುಕೋಲು ಎಂಬ ಸೊಗಸಾದ ಹೆಸರುಂಟು. ಶ್ರೀಮತಿ ಉಮಾ ರಾವ್ ಅವರು ಮೂರ್ತಿಯವರ ಜೀವನವನ್ನು ಕುರಿತು ಕನ್ನಡದಲ್ಲಿ ಬರೆದ ಪುಸ್ತಕಕ್ಕೂ ಇದೇ ಹೆಸರು.

ಇನ್ನೊಂದು ವಿಷಯವನ್ನು ಗಮನಿಸಬೇಕು. ಸೂರ್ಯನು ಆಕಾಶದಲ್ಲಿ ಗಂಟೆಗೆ ಸುಮಾರು 15 ಡಿಗ್ರಿ ಸರಿಯುತ್ತಾನೆ. ಹೊರಗಿನ ಕನ್ನಡಿಯನ್ನು ಅದಕ್ಕೆ ತಕ್ಕಂತೆ ತಿರುಗಿಸುತ್ತಿರದಿದ್ದರೆ ಒಳಗಿನ ಬಿಸಿಲುಕೋಲು ನಟರನ್ನು ಬಿಟ್ಟು ಗೋಡೆಯ ಕಡೆಗೆ ನಡೆದುಬಿಡುತ್ತದೆ. ಮೋಡ ಬಂದರೆ ಎಲ್ಲರೂ ಕೈಕಟ್ಟಿ ಕೂರಬೇಕು. ನೋಡುವವರಿಗೆ ಕನಸಿನಂತೆ ಕಾಣುವ ಆ ದೃಶ್ಯದ ಹಿಂದೆ ಬಿಸಿಲಿನಲ್ಲಿ ಕನ್ನಡಿ ಕಾಯುವ ದುಡಿಮೆಯೂ ಇದೆ. ದೀಪದ ಹುಡುಗರ, ಕನ್ನಡಿ ಹಿಡಿದವರ ಹೆಸರು ತೆರೆಯ ಮೇಲೆ ಬರುವ ಪದ್ಧತಿ ಆ ಕಾಲದಲ್ಲಿ ಇರಲಿಲ್ಲವೆಂದೇ ಹೇಳಬೇಕು.

ಇಷ್ಟೆಲ್ಲ ಶ್ರಮದ ಫಲವೇನು? ಚಿತ್ರವು ಬಿಡುಗಡೆಯಾದಾಗ ಜನ ಅದನ್ನು ಸ್ವೀಕರಿಸಲಿಲ್ಲ. ಆ ಪೆಟ್ಟಿನ ಬಳಿಕ ಗುರುದತ್ತರು ಮತ್ತೆ ತಮ್ಮ ಹೆಸರಿನಲ್ಲಿ ಯಾವ ಚಿತ್ರವನ್ನೂ ನಿರ್ದೇಶಿಸಲಿಲ್ಲ. ಸೋತ ಚಿತ್ರವಾದರೂ ಅದರ ಛಾಯಾಗ್ರಹಣಕ್ಕೆ ಫಿಲಂಫೇರ್ ಪ್ರಶಸ್ತಿ ದೊರೆಯಿತು. ಇಂದು ಅದೇ ಚಿತ್ರವನ್ನು ದೇಶವಿದೇಶಗಳ ಚಿತ್ರ ವಿದ್ಯಾರ್ಥಿಗಳು ಪಾಠದಂತೆ ನೋಡುತ್ತಾರೆ.

ಮುಂದೆ 'ಸಾಹಿಬ್ ಬೀಬಿ ಔರ್ ಗುಲಾಮ್' ಚಿತ್ರಕ್ಕೂ ಅವರಿಗೆ ಫಿಲಂಫೇರ್ ಪ್ರಶಸ್ತಿ ಬಂತು. ಅದರಲ್ಲಿ ಮೀನೂ ಮುಮ್ತಾಜ್ ನರ್ತಿಸುವ ಮುಜ್ರಾ ದೃಶ್ಯವೊಂದಿದೆ. ಜೊತೆಯ ನರ್ತಕಿಯರ ಮುಖಗಳು ಗುರುದತ್ತರಿಗೆ ಒಪ್ಪಿಗೆಯಾಗಲಿಲ್ಲ. ಅವರನ್ನು ಬದಲಾಯಿಸುವ ಬದಲು ಮೂರ್ತಿಯವರು ಮುಖ್ಯ ನರ್ತಕಿಯ ಮೇಲೆ ಮಾತ್ರ ಬೆಳಕು ಬಿಟ್ಟು ಉಳಿದವರನ್ನು ನೆರಳಿನಲ್ಲಿರಿಸಿದರು. ಅವರು ಕತ್ತಲೆಯ ಆಕೃತಿಗಳಾಗಿ ಲಯಬದ್ಧವಾಗಿ ಚಲಿಸುತ್ತಾರೆ. ದೃಶ್ಯದ ಸೊಗಸು ಇಮ್ಮಡಿಸಿದೆಯೆಂಬುದರಲ್ಲಿ ಸಂಶಯವಿಲ್ಲ. ಆದರೆ ಹೋಟೆಲಿನಲ್ಲಿ ಬಹುಕಾಲ ಕಳೆದ ನಮಗೆ ಆ ದೃಶ್ಯವನ್ನು ನೋಡುವಾಗಲೆಲ್ಲ ಮುಖ ಕಾಣಿಸದೆ ಹೆಜ್ಜೆ ತಪ್ಪದೆ ಕುಣಿದ ಆ ಹೆಂಗಸರ ನೆನಪೇ ಮೊದಲು ಬರುತ್ತದೆ. ಅವರ ಹೆಜ್ಜೆಗಳಿಲ್ಲದೆ ಆ ಹಾಡಿಲ್ಲ.

ಯಜಮಾನನಿಲ್ಲದ ಮೇಲೆ

1964ರ ಅಕ್ಟೋಬರ್ 10ರಂದು ಗುರುದತ್ತರು ತೀರಿಕೊಂಡರು. ಅವರಿಗೆ ಆಗ 39 ವರ್ಷ. ಮೂರ್ತಿಯವರಿಗೆ ಇನ್ನೂ 41 ತುಂಬಿರಲಿಲ್ಲ. ಹನ್ನೆರಡು ವರ್ಷಗಳ ಸಹವಾಸ ಕಡಿದುಹೋಯಿತು. ಮನಸ್ಸಿನಲ್ಲಿದ್ದುದನ್ನು ಬಾಯಿಬಿಟ್ಟು ಹೇಳುವ ಮೊದಲೇ ಅರಿಯಬಲ್ಲ ಇಬ್ಬರಲ್ಲಿ ಒಬ್ಬನೇ ಉಳಿದ.

ನಾವು ಹೋಟೆಲು ನಡೆಸುತ್ತಿದ್ದ ದಿನಗಳಲ್ಲಿ, ಬಾಗಿಲು ಮುಚ್ಚಿದ ಹೋಟೆಲುಗಳಿಂದ ಕೆಲಸ ಕೇಳಿಕೊಂಡು ಬರುತ್ತಿದ್ದವರಲ್ಲಿ ಎರಡು ಬಗೆಯವರನ್ನು ಕಂಡಿದ್ದೇವೆ. ಹಿಂದಿನ ಧಣಿಗಳ ಕಾಲದಲ್ಲಿ ಹೀಗಿತ್ತು, ಹಾಗಿತ್ತು ಎಂದು ದಿನವೆಲ್ಲ ನಿಟ್ಟುಸಿರಿಡುತ್ತ ಹೊಸ ಅಡುಗೆಮನೆಗೆ ಹೊಂದಿಕೊಳ್ಳಲಾರದವರು ಒಂದು ಬಗೆ. ಒಳಗೆ ಕಾಲಿಟ್ಟೊಡನೆ ಒಲೆಯ ಉರಿ ಹೇಗಿದೆ, ನೀರು ಎಲ್ಲಿದೆ ಎಂದು ವಿಚಾರಿಸಿ ಪಂಚೆ ಮೇಲೆ ಕಟ್ಟಿ ಕೆಲಸಕ್ಕೆ ನಿಲ್ಲುವವರು ಇನ್ನೊಂದು ಬಗೆ. ಎರಡನೆಯವರಿಗೆ ಹಳೆಯ ಧಣಿಯ ಮೇಲೆ ಪ್ರೀತಿ ಕಡಿಮೆಯೆಂದು ತಿಳಿಯಬಾರದು. ಅಲ್ಲಿ ಕಲಿತುದನ್ನು ಕೆಡಗೊಡದಿರುವುದೇ ಅವರು ಸಲ್ಲಿಸುವ ಋಣ.

ಮೂರ್ತಿಯವರು ಈ ಎರಡನೆಯ ಬಗೆಯವರು. ಪ್ರಮೋದ್ ಚಕ್ರವರ್ತಿಯವರ 'ಜಿದ್ದಿ' (1964), 'ಲವ್ ಇನ್ ಟೋಕಿಯೋ' (1966), 'ನಯಾ ಜಮಾನಾ' (1971), 'ಜುಗ್ನು' (1973) ಮೊದಲಾದ ಚಿತ್ರಗಳಿಗೆ ಕ್ಯಾಮರಾ ಹಿಡಿದರು. ಇವು ಹಾಡು, ಹೊಡೆದಾಟ, ಹಾಸ್ಯಗಳಿಂದ ತುಂಬಿದ, ನಾಲ್ಕಾಣೆಯ ಪ್ರೇಕ್ಷಕನನ್ನು ಸಂತೋಷಪಡಿಸಲು ತೆಗೆದ ವರ್ಣಚಿತ್ರಗಳು. 'ಪ್ಯಾಸಾ' ತೆಗೆದ ಕೈಗೆ ಇವು ತಕ್ಕುವಲ್ಲವೆಂದು ಮೂಗು ಮುರಿಯುವ ವಿಮರ್ಶಕರಿರಬಹುದು. ಆದರೆ ಸಂಸಾರವಿದ್ದವನು ಕೆಲಸವಿಲ್ಲದೆ ಕೂರಲಾಗದು. ಬಣ್ಣದ ಚಿತ್ರಕ್ಕೆ ಬೆಳಕು ಹಿಡಿಯುವ ವಿಧಾನವೇ ಬೇರೆ. ಅದನ್ನೂ ಕಲಿತು ಅವರು ದುಡಿದರು. ಕಮಾಲ್ ಅಮ್ರೋಹಿಯವರ 'ಪಾಕೀಜಾ' ಚಿತ್ರದ ಛಾಯಾಗ್ರಾಹಕರಾದ ಜರ್ಮನಿಯ ಜೋಸೆಫ್ ವಿರ್ಶಿಂಗರು 1967ರಲ್ಲಿ ಮುಂಬಯಿಯಲ್ಲಿ ನಿಧನ ಹೊಂದಿದಾಗ ಚಿತ್ರವು ಅರ್ಧದಲ್ಲಿತ್ತು. ಅದನ್ನು ಪೂರೈಸಿಕೊಟ್ಟ ಛಾಯಾಗ್ರಾಹಕರಲ್ಲಿ ಮೂರ್ತಿಯವರೂ ಒಬ್ಬರು. ಇನ್ನೊಬ್ಬರು ಅರ್ಧ ಮಾಡಿಟ್ಟ ಅಡುಗೆಯನ್ನು ರುಚಿ ವ್ಯತ್ಯಾಸವಾಗದಂತೆ ಮುಗಿಸಿಕೊಡುವುದು ಎಂತಹ ಕೆಲಸವೆಂಬುದನ್ನು ನಮ್ಮ ಅಡುಗೆಯವರಿಗೆ ಹೇಳಬೇಕಾಗಿಲ್ಲ. 1972ರಲ್ಲಿ ಆ ಚಿತ್ರವು ತೆರೆಕಂಡಿತು.

ಶಿಷ್ಯನ ಚಿತ್ರಕ್ಕೆ ಗುರುವಿನ ಕ್ಯಾಮರಾ

ಈಗ ಮತ್ತೆ ಬೆಂಗಳೂರಿನ ಆ ಪಾಲಿಟೆಕ್ನಿಕ್ಕಿನ ಮಾತು. 1940ರಲ್ಲಿ ಕರಾಚಿಯಲ್ಲಿ ಹುಟ್ಟಿ, ದೇಶ ವಿಭಜನೆಯ ಕಾಲದಲ್ಲಿ ಮನೆಮಂದಿಯೊಡನೆ ನೆಲೆ ಕಳೆದುಕೊಂಡು ಬಂದ ಸಿಂಧಿ ಹುಡುಗನೊಬ್ಬನು 1962ರಲ್ಲಿ ಅದೇ ಸಂಸ್ಥೆಯಿಂದ ಛಾಯಾಗ್ರಹಣದ ಡಿಪ್ಲೊಮಾ ಪಡೆದು, ಮುಂಬಯಿಗೆ ಹೋಗಿ ಮೂರ್ತಿಯವರ ಸಹಾಯಕನಾಗಿ ಸೇರಿದನು. ಅವರೇ ಗೋವಿಂದ ನಿಹಲಾನಿಯವರು. ಗುರುವಿನ ಬಳಿ ಹಲವು ವರ್ಷ ಕೆಲಸ ಕಲಿತು, ಶ್ಯಾಮ್ ಬೆನೆಗಲ್ಲರ ಚಿತ್ರಗಳಿಗೆ ಛಾಯಾಗ್ರಾಹಕರಾಗಿ, ತರುವಾಯ ಸ್ವತಃ ಹೆಸರಾಂತ ನಿರ್ದೇಶಕರಾದರು.

ನಿಹಲಾನಿಯವರು ಭೀಷ್ಮ ಸಾಹನಿಯವರ ಕಾದಂಬರಿಯನ್ನು ಆಧರಿಸಿ ದೇಶ ವಿಭಜನೆಯ ಕಥೆಯಾದ 'ತಮಸ್' ಅನ್ನು ದೂರದರ್ಶನಕ್ಕಾಗಿ ನಿರ್ದೇಶಿಸಿದಾಗ, ಕ್ಯಾಮರಾದ ಕೆಲಸಕ್ಕೆ ತಮ್ಮ ಗುರುಗಳನ್ನೇ ಬರಮಾಡಿಕೊಂಡರು. 1988ರಲ್ಲಿ ಅದು ಪ್ರಸಾರವಾಯಿತು. ಪ್ರಸಾರವನ್ನು ತಡೆಯಬೇಕೆಂಬ ಮೊಕದ್ದಮೆಯು ಸುಪ್ರೀಂ ಕೋರ್ಟಿನವರೆಗೂ ಹೋಗಿ, ನ್ಯಾಯಾಲಯವು ಪ್ರಸಾರದ ಪರವಾಗಿ ತೀರ್ಪು ಕೊಟ್ಟುದು ಹಲವರ ನೆನಪಿನಲ್ಲಿರಬಹುದು. ಮೂರ್ತಿಯವರಿಗೆ ಆಗ 64 ವರ್ಷ. ತನ್ನ ಕೈಕೆಳಗೆ ಪೆಟ್ಟಿಗೆ ಹೊತ್ತ ಹುಡುಗನು ಈಗ ನಿರ್ದೇಶಕ. ತಾನು ಅವನು ಹೇಳಿದ ದೃಶ್ಯಕ್ಕೆ ಬೆಳಕು ಹಿಡಿಯಬೇಕು. ಬಿಂಕವುಳ್ಳವನಾದರೆ ಈ ಕರೆಯನ್ನು ಅವಮಾನವೆಂದೇ ಎಣಿಸುತ್ತಿದ್ದನು. ಮೂರ್ತಿಯವರು ಹಾಗೆಣಿಸದೆ ಹೋಗಿ ಕೆಲಸ ಮಾಡಿದರು. ಅದೇ ಅವಧಿಯಲ್ಲಿ ನೆಹರೂ ಅವರ ಗ್ರಂಥವನ್ನು ಆಧರಿಸಿ ಶ್ಯಾಮ್ ಬೆನೆಗಲ್ಲರು ನಿರ್ದೇಶಿಸಿದ 53 ಕಂತುಗಳ 'ಭಾರತ್ ಏಕ್ ಖೋಜ್' ಮಾಲಿಕೆಗೂ ಅವರದೇ ಛಾಯಾಗ್ರಹಣ.

ಇದು ವಯಸ್ಸಾದವರಿಗೆ ಕೊಟ್ಟ ಹಗುರವಾದ ಕೆಲಸವೆಂದು ಯಾರೂ ಭಾವಿಸಬಾರದು. ಸಿನಿಮಾಸ್ಕೋಪಿನ ಅಗಲವಾದ ತೆರೆಯನ್ನು ತುಂಬಿದ ಕೈಯು ಈಗ ಮನೆಯ ಮೂಲೆಯಲ್ಲಿರುವ ಗಾಜಿನ ಪೆಟ್ಟಿಗೆಗೆ ಚಿತ್ರ ತೆಗೆಯಬೇಕಾಗಿತ್ತು. ಆ ಕಾಲದ ಟೆಲಿವಿಷನ್ನಿನಲ್ಲಿ ನೆರಳು ಸ್ವಲ್ಪ ಹೆಚ್ಚಾದರೂ ಮಸಿಯ ಮುದ್ದೆಯಾಗುತ್ತಿತ್ತು. ಬೆಳಕು ಸ್ವಲ್ಪ ಹೆಚ್ಚಾದರೂ ಮುಖದ ಗೆರೆಗಳೆಲ್ಲ ಅಳಿಸಿಹೋಗುತ್ತಿದ್ದವು. ದೂರದ ನೋಟಗಳು ಇರುವೆಗಳಂತೆ ಕಾಣುವುದರಿಂದ ಮನುಷ್ಯರ ಮುಖಗಳನ್ನೇ ನೆಚ್ಚಬೇಕಾಗಿತ್ತು. ನಲವತ್ತು ವರ್ಷಗಳ ವಿದ್ಯೆಯನ್ನು ಹೊಸ ಅಳತೆಯ ಪಾತ್ರೆಗೆ ಬಗ್ಗಿಸಿ ಕೊಡಬೇಕಾದ ಕೆಲಸವದು.

ಸ್ವೀಡನ್ ದೇಶದ ಒಬ್ಬ ಸಮಾನಧರ್ಮಿ

ಇದೇ ವೃತ್ತಿಯಲ್ಲಿ ಇಂತಹುದೇ ಪ್ರಸಂಗವನ್ನು ಎದುರಿಸಿದ ಒಬ್ಬ ವಿದೇಶೀಯರನ್ನೂ ಇಲ್ಲಿ ಸ್ಮರಿಸಬಹುದು. ಸ್ವೀಡನ್ ದೇಶದ ಸ್ವೆನ್ ನಿಕ್‌ವಿಸ್ಟ್ ಅವರು ಮೂರ್ತಿಯವರಿಗಿಂತ ಒಂದು ವರ್ಷಕ್ಕೆ ಹಿರಿಯರು; ಹುಟ್ಟಿದ್ದು 1922ರ ಡಿಸೆಂಬರಿನಲ್ಲಿ. ಮೂರ್ತಿಯವರಿಗೆ ಗುರುದತ್ತರು ಹೇಗೋ ಹಾಗೆ ಇವರಿಗೆ ನಿರ್ದೇಶಕ ಇಂಗ್ಮಾರ್ ಬರ್ಗ್‌ಮನ್. 1963ರಲ್ಲಿ ತೆರೆಕಂಡ, ಚಳಿಗಾಲದ ಒಂದು ಚರ್ಚಿನ ಕಥೆಯ ಚಿತ್ರಕ್ಕಾಗಿ ಇವರಿಬ್ಬರೂ ಆ ದೇಶದ ಚರ್ಚುಗಳಲ್ಲಿ ಕುಳಿತು, ಮಧ್ಯಾಹ್ನದ ಕೆಲವೇ ಗಂಟೆಗಳಲ್ಲಿ ಬೆಳಕು ಹೇಗೆ ಬದಲಾಗುತ್ತದೆಂದು ನೋಡುತ್ತಿದ್ದರಂತೆ. ಮೂರ್ತಿಯವರು ನಮ್ಮ ದೇಶದ ಉರಿಬಿಸಿಲನ್ನು ಕನ್ನಡಿಯಿಂದ ಹಿಡಿದರೆ, ಅವರು ತಮ್ಮ ದೇಶದ ಬಡಕಲು ಬಿಸಿಲನ್ನು ಕಣ್ಣಿನಿಂದ ಹಿಡಿದರು. 1976ರಲ್ಲಿ ತೆರಿಗೆಯ ತಕರಾರಿನಿಂದ ಮನನೊಂದು ಬರ್ಗ್‌ಮನ್ನರು ಸ್ವದೇಶವನ್ನೇ ಬಿಟ್ಟುಹೋದರು. ನಿಕ್‌ವಿಸ್ಟರು ಅವರೊಡನೆಯೂ ದುಡಿದರು, ಅಮೆರಿಕೆಯವರಿಗೂ ದುಡಿದರು, ರಷ್ಯದ ತಾರ್ಕೋವ್‌ಸ್ಕಿಯವರಿಗೂ ದುಡಿದರು. 'ಫ್ಯಾನಿ ಅಂಡ್ ಅಲೆಕ್ಸಾಂಡರ್' ಎಂಬ ಕೃತಿಯನ್ನು ಚಿತ್ರಮಂದಿರ ಮತ್ತು ಟೆಲಿವಿಷನ್ ಎರಡಕ್ಕೂ ಸಲ್ಲುವಂತೆ ತೆಗೆದರು. ಎರಡು ಬಾರಿ ಆಸ್ಕರ್ ಪ್ರಶಸ್ತಿ ಪಡೆದು 2006ರಲ್ಲಿ ಕಾಲವಾದರು.

ತಡವಾಗಿ ಬಂದ ಮನ್ನಣೆ

ಮೂರ್ತಿಯವರಿಗೆ ಮನ್ನಣೆ ತಡವಾಗಿ ಬಂತು. ಕನ್ನಡಿಗರಾದರೂ ಅವರ ಆಯುಷ್ಯವೆಲ್ಲ ಹಿಂದಿ ಚಿತ್ರಗಳಲ್ಲಿ ಸವೆಯಿತು. ತ್ರಿವೇಣಿಯವರ ಕಾದಂಬರಿಯನ್ನು ಆಧರಿಸಿ ಎಸ್.ವಿ. ರಾಜೇಂದ್ರಸಿಂಗ್ ಬಾಬು ನಿರ್ದೇಶಿಸಿದ 'ಹೂವು ಹಣ್ಣು' (1993) ಚಿತ್ರದಲ್ಲಿ ಅವರು ಕನ್ನಡಕ್ಕಾಗಿ ಕ್ಯಾಮರಾ ಹಿಡಿದಾಗ ವಯಸ್ಸು ಎಪ್ಪತ್ತರ ಹತ್ತಿರ. ತರುವಾಯ ಬೆಂಗಳೂರಿನಲ್ಲಿ ನೆಲೆಸಿದರು.

ಭಾರತ ಸರ್ಕಾರವು ಚಿತ್ರರಂಗದ ಜೀವಮಾನದ ಸೇವೆಗಾಗಿ ಕೊಡುವ ದಾದಾಸಾಹೇಬ್ ಫಾಲ್ಕೆ ಪ್ರಶಸ್ತಿಯು 1969ರಲ್ಲಿ ಆರಂಭವಾಯಿತು. ನಟನಟಿಯರು, ನಿರ್ದೇಶಕರು, ನಿರ್ಮಾಪಕರು, ಗಾಯಕರು ಅದನ್ನು ಪಡೆದಿದ್ದರು. ನಮ್ಮ ಡಾ. ರಾಜ್‌ಕುಮಾರ್ ಅವರಿಗೆ 1995ರ ಸಾಲಿನ ಪ್ರಶಸ್ತಿ ಸಂದಿತ್ತು. ಆದರೆ ಛಾಯಾಗ್ರಾಹಕನೆಂಬ ಗಣನೆಯಿಂದಲೇ ಒಬ್ಬರಿಗೆ ಅದು ಸಂದದ್ದು 2008ರ ಸಾಲಿನಲ್ಲಿ, ಮೂರ್ತಿಯವರಿಗೆ. 2010ರಲ್ಲಿ ಪ್ರಶಸ್ತಿ ಪ್ರದಾನವಾದಾಗ ಅವರು 86ರ ವೃದ್ಧರು. ನಟನ ಮುಖ ಕಾಣಬೇಕಾದರೆ ಒಬ್ಬನು ಬೆಳಕು ಹಿಡಿಯಬೇಕೆಂಬುದನ್ನು ಒಪ್ಪಿಕೊಳ್ಳಲು ಆ ಪ್ರಶಸ್ತಿಗೆ ಸುಮಾರು 40 ವರ್ಷ ಹಿಡಿಯಿತು. 2014ರ ಏಪ್ರಿಲ್ 7ರಂದು, ತಮ್ಮ 90ನೆಯ ವಯಸ್ಸಿನಲ್ಲಿ, ಅವರು ಬೆಂಗಳೂರಿನಲ್ಲಿ ದಿವಂಗತರಾದರು.

ನಾವು ಆರಂಭದಲ್ಲಿ ಎತ್ತಿದ ಪ್ರಶ್ನೆಗೆ ಈ ಜೀವನವು ಕೊಡುವ ಉತ್ತರವು ಸ್ಪಷ್ಟವಾಗಿದೆ. ಗುರುದತ್ತರ ಸಂಸ್ಥೆಯಲ್ಲಿ ದುಡಿದ ಕಾಲ ಸುಮಾರು 12 ವರ್ಷ. ಅವರಿಲ್ಲದೆ ದುಡಿದ ಕಾಲ ಅದರ ಎರಡು ಪಟ್ಟಿಗೂ ಹೆಚ್ಚು. ಆ ದೀರ್ಘಕಾಲದಲ್ಲಿ ಅವರನ್ನು ಕಾಪಾಡಿದ್ದು ಎರಡು ಸಂಗತಿಗಳು. ಒಂದು, ವಿದ್ಯೆಯನ್ನು ಪೂರ್ತಿಯಾಗಿ ಕಲಿತು ಕಾಲಕಾಲಕ್ಕೆ ಹೊಸತನ್ನು ಕೂಡಿಸಿಕೊಂಡುದು. ಇನ್ನೊಂದು, ಕೈಕೆಳಗಿನವನಿಗೆ ಮುಚ್ಚುಮರೆಯಿಲ್ಲದೆ ಕಲಿಸಿದ್ದು. ಸಾರಿನ ಪುಡಿಯ ಅಳತೆಯನ್ನು ಹುಡುಗರಿಗೆ ತೋರಿಸದೆ ಬಾಗಿಲು ಹಾಕಿಕೊಂಡು ಬೆರೆಸುವ ಹಿರಿಯ ಅಡುಗೆಯವರು, ಲೆಡ್ಜರಿನ ಮರ್ಮವನ್ನು ಕಿರಿಯರಿಗೆ ಬಿಟ್ಟುಕೊಡದ ಹಿರಿಯ ಗುಮಾಸ್ತರು ಇದನ್ನು ಯೋಚಿಸಬೇಕೆಂದು ನಮ್ಮ ಬಿನ್ನಹ. 64ನೆಯ ವಯಸ್ಸಿನಲ್ಲಿ ಮೂರ್ತಿಯವರ ಮನೆಬಾಗಿಲಿಗೆ ಬಂದ ಕೆಲಸವು, ಅವರು ಕಲಿಸಿ ಕಳುಹಿಸಿದ ಹುಡುಗನ ಕೈಯಿಂದಲೇ ಬಂದದ್ದು.

ರಾತ್ರಿ ಹೋಟೆಲಿನ ಬಾಗಿಲು ಹಾಕಿ, ಮೇಜುಗಳನ್ನು ಒರೆಸಿ, ಮಲಗುವ ಮುನ್ನ ಮೊಬೈಲಿನಲ್ಲಿ ಸಿನಿಮಾದ ಹಾಡು ನೋಡುವ ಪದ್ಧತಿ ನಮ್ಮ ತರುಣರಲ್ಲಿದೆ. ಒಂದು ರಾತ್ರಿ 'ಕಾಗಜ್ ಕೇ ಫೂಲ್' ಚಿತ್ರದ ಆ ಬಿಸಿಲುಕೋಲಿನ ಹಾಡನ್ನು ಹುಡುಕಿ ನೋಡಬೇಕೆಂದು ಕೋರುತ್ತೇವೆ. ನಟನಟಿಯರಿಂದ ಕಣ್ಣು ತೆಗೆದು, ಬೆಳಕು ಎಲ್ಲಿಂದ ಇಳಿಯುತ್ತಿದೆಯೆಂದು ಗಮನಿಸಿರಿ. ಚಿತ್ರದ ಆರಂಭದಲ್ಲಿ ಹೆಸರುಗಳು ಬರುವಾಗಲೂ ಅವಸರಪಡದೆ ಓದಿರಿ. ಛಾಯಾಗ್ರಹಣ ಎಂಬಲ್ಲಿ ಮೈಸೂರಿನವರೊಬ್ಬರ ಹೆಸರಿರುತ್ತದೆ.